ಸೂಜಿಯ ತುದಿಗೆ ಬಂದ ನುಸಿ

ಆಸ್ಪತ್ರೆಯ ಚರ್ಮರೋಗ ವಿಭಾಗದ ಲ್ಯಾಬಿನಲ್ಲಿ ನನಗೆ ಕೆಲಸ ಸಿಕ್ಕಿತೆಂದು ಮನೆಯಲ್ಲಿ ಹೇಳಿದಾಗ ನಮ್ಮ ಅತ್ತೆ ಕೇಳಿದ ಮೊದಲ ಮಾತು, “ಕೈ ತೊಳ್ಕೊಳ್ಳಾಕ ಸಬಕಾರ ಅವರ ಕೊಡ್ತಾರೋ, ಮನೀಂದ ಒಯ್ಯಬೇಕೋ?” ಎಂದು. ಠಾಕುರ್ಲಿಯಲ್ಲಿ ಎರಡು ಖೋಲಿಯ ಮನೆ ನಮ್ಮದು. ಅತ್ತೆ ವಿಜಯಪುರದ ಕಡೆಯವರು, ಮಡಿ ಸ್ವಲ್ಪ ಜಾಸ್ತಿ. ಅಂದಿನಿಂದ ನಿವೃತ್ತಿಯ ದಿನದವರೆಗೆ ಮೂವತ್ತೊಂದು ವರ್ಷ ನಾನು ಲೋಕಲ್ ರೈಲು ಹಿಡಿದು ಠಾಣೆ ಎಂಬ ಊರಿನ ಆ ಆಸ್ಪತ್ರೆಗೆ ಹೋಗಿ ಜನರ ಚರ್ಮ ಕೆರೆದೆ. ಕೆರೆದದ್ದನ್ನು ಗಾಜಿನ ಪಟ್ಟಿಯ ಮೇಲಿಟ್ಟು ಮೈಕ್ರೋಸ್ಕೋಪಿನಲ್ಲಿ ನೋಡಿದೆ. ಹುಳುಕಡ್ಡಿ, ಹೊಟ್ಟು, ಚಿಬ್ಬು ಎಲ್ಲ ಬರುತ್ತಿದ್ದವು. ಆದರೆ ಆಸ್ಪತ್ರೆಯಲ್ಲಿ ನನಗೊಂದು ಹೆಸರು ಬಂದದ್ದು ಒಂದೇ ಒಂದು ಜೀವಿಯಿಂದ. ಅದು ಕಜ್ಜಿಯ ನುಸಿ. ಪುಸ್ತಕದಲ್ಲಿ ಅದರ ಕುಲಕ್ಕೆ ಸಾರ್ಕಾಪ್ಟಿಸ್ ಎಂಬ ಹೆಸರು. ಮಾಂಸ ಕೊಯ್ಯುವುದು ಎಂದು ಅರ್ಥ. ಅದು ತರುವ ರೋಗಕ್ಕೆ ಈ ಕಡೆ ಎಲ್ಲರೂ ಹೇಳುವುದು ಖರೂಜ್.

ಈಗ ಕೋರ್ಸ್ ಮುಗಿಸಿ ಈ ಕೆಲಸಕ್ಕೆ ಬರುವವರು ನನ್ನನ್ನು ಭೇಟಿಯಾದಾಗ ಯಾವ ಯಂತ್ರ ಒಳ್ಳೆಯದು, ಪ್ರಮೋಷನ್ ಎಷ್ಟು ವರ್ಷಕ್ಕೆ ಎಂದು ಕೇಳುತ್ತಾರೆ. ಪ್ರಮೋಷನ್ ನನಗೆ ಎರಡು ಸಲ ಬಂತು. ಎರಡು ಸಲವೂ ಕುರ್ಚಿ ಬದಲಾಯಿತು, ಕೆಲಸ ಬದಲಾಗಲಿಲ್ಲ. ಅದನ್ನು ಬಿಟ್ಟು ನಿಜವಾಗಿ ನಡೆದದ್ದನ್ನು ಬರೆಯುತ್ತೇನೆ.

ನಾನು ಸೇರಿದಾಗ ವಿಭಾಗದ ಮುಖ್ಯಸ್ಥರು ಡಾಕ್ಟರ್ ಲೇಲೆ. ಎತ್ತರದ ಮನುಷ್ಯ, ಮೆತ್ತಗಿನ ದನಿ, ಸಿಟ್ಟು ಬಂದರೆ ಇನ್ನೂ ಮೆತ್ತಗಾಗುತ್ತಿತ್ತು. ಮೊದಲ ದಿನ ಅವರು ನನಗೆ ಮೈಕ್ರೋಸ್ಕೋಪ್ ಮುಟ್ಟಲು ಬಿಡಲಿಲ್ಲ. ಒಂದು ಕೈಮಸೂರ ಮತ್ತು ಒಂದು ಸೂಜಿ ಕೊಟ್ಟರು. “ವಿಮಲಾಬಾಯಿ, ಆಧೀ ಬಘಾಯಲಾ ಶಿಕಾ,” ಎಂದರು ಮರಾಠಿಯಲ್ಲಿ. ಮೊದಲು ನೋಡುವುದನ್ನು ಕಲಿಯಿರಿ ಎಂದು. ಆಮೇಲೆ ಹಳೆಯ ಕೇಸ್‌ಪೇಪರಿನ ಹಿಂಬದಿಯಲ್ಲಿ ಪೆನ್ಸಿಲಿನಿಂದ ನುಸಿಯ ಚಿತ್ರ ಬಿಡಿಸಿದರು.

ಅವರು ಬಿಡಿಸಿದ್ದು ಒಂದು ಆಮೆಯ ಹಾಗಿತ್ತು. ಮೇಲೆ ಉಬ್ಬಿದ, ಕೆಳಗೆ ಚಪ್ಪಟೆಯಾದ ಗುಂಡು ಮೈ. ತಲೆ ಎಂದು ಬೇರೆಯಾಗಿ ತೋರಿಸುವಂಥದ್ದಿಲ್ಲ. ಕಣ್ಣು ಇಲ್ಲವೇ ಇಲ್ಲ. ಉಸಿರಾಡಲು ಬೇರೆ ಅಂಗವೂ ಇಲ್ಲ, ಮೈಯ ತೊಗಲಿನಿಂದಲೇ ಗಾಳಿ ತೆಗೆದುಕೊಳ್ಳುತ್ತದೆ. ಎಂಟು ಮೋಟು ಕಾಲು. ಅದಕ್ಕೇ ಇದು ಕೀಟವಲ್ಲ, ಜೇಡ ಮತ್ತು ಉಣ್ಣಿಗಳ ಬಳಗ. ಮುಂದಿನ ನಾಲ್ಕು ಕಾಲಿನ ತುದಿಗೆ ಸಣ್ಣ ಕಡ್ಡಿಯ ಮೇಲೆ ಕೂರಿಸಿದ ಬಟ್ಟಲಿನಂಥ ಅಂಟುಪಾದ. ಹೆಣ್ಣಿನ ಹಿಂದಿನ ನಾಲ್ಕು ಕಾಲಿಗೆ ಉದ್ದುದ್ದ ಕೂದಲು. ಬೆನ್ನ ಮೇಲೆ ಹಿಂದಕ್ಕೆ ಬಾಗಿದ ಮುಳ್ಳುಗಳು. ಆ ಮುಳ್ಳುಗಳ ಮೇಲೆ ಪೆನ್ಸಿಲ್ ಇಟ್ಟು ಲೇಲೆ ಸಾಹೇಬರು, “ಇವು ಇರುವುದರಿಂದ ಇದಕ್ಕೆ ಚರ್ಮದೊಳಗೆ ತಾನು ಕೊರೆದ ಸುರಂಗದಲ್ಲಿ ಮುಂದೆ ಹೋಗಲು ಬರುತ್ತದೆ, ಹಿಂದೆ ಬರಲು ಬರುವುದಿಲ್ಲ. ಹಾಗಾಗಿ ಮೇಲಿಂದ ಕಾಣುವ ಸುರಂಗದ ಗೆರೆ ಎಲ್ಲಿ ಮುಗಿಯುತ್ತದೋ ಅಲ್ಲೇ ಇದು ಸಿಗಬೇಕು. ಹೆದರಿ ಹಿಂದೆ ಓಡಿತು ಎಂದು ಮಾತ್ರ ನನಗೆ ಹೇಳಬೇಡಿ,” ಎಂದರು.

ನನಗೆ ಹೇಳುವ ಪ್ರಸಂಗ ಬಂತು. ಹದಿನೆಂಟು ದಿನ ಒಂದೂ ಸಿಗಲಿಲ್ಲ. ರೋಗಿಗಳು ಕೈ ಚಾಚುತ್ತಿದ್ದರು, ನಾನು ಕೆರೆಯುತ್ತಿದ್ದೆ, ಗಾಜಿನ ಮೇಲೆ ಬರೀ ಹೊಟ್ಟು. ಇಡೀ ಮೈ ತುರಿಸುವ ಮನುಷ್ಯನ ಮೇಲೆ ಇರುವುದೇ ಹತ್ತು ಹದಿನೈದು ನುಸಿ ಎಂಬುದು ಆಗ ನನ್ನ ತಲೆಗೆ ಇಳಿದಿರಲಿಲ್ಲ. ಸಾವಿರಾರು ಇರುತ್ತವೆ, ಎಲ್ಲಿ ಕೆರೆದರೂ ಸಿಗುತ್ತವೆ ಎಂದುಕೊಂಡಿದ್ದೆ. ತುರಿಕೆ ನುಸಿ ಇದ್ದಲ್ಲಿ ಮಾತ್ರ ಬರುವುದಲ್ಲ. ಅದರ ಮೈ, ಹಿಕ್ಕೆ ನಮ್ಮ ದೇಹಕ್ಕೆ ಒಗ್ಗದೆ ಎಲ್ಲೆಲ್ಲೂ ತುರಿಸುತ್ತದೆ.

ಹತ್ತೊಂಬತ್ತನೆಯ ದಿನ ಕಲ್ಯಾಣದ ಮಾರ್ಕೆಟ್ಟಿನಲ್ಲಿ ಮೆಂತ್ಯ ಕೊತ್ತಂಬರಿ ಮಾರುವ ಶಾಂತಾಬಾಯಿ ಬಂದರು. ನಾನು ಸೂಜಿಯನ್ನು ಹತ್ತಿರ ಒಯ್ದು ಮತ್ತೆ ಹಿಂದೆ ತರುವುದನ್ನು ನೋಡಿ ಅವರೇ ನನ್ನ ಮಣಿಕಟ್ಟು ಹಿಡಿದುಕೊಂಡು, “ಘಾಬರೂ ನಕೋ ಪೋರೀ,” ಎಂದರು. ಹೆದರಬೇಡ ಮಗಳೇ. ಅವರ ಬೆರಳ ಸಂದಿಯಲ್ಲಿ ದಾರದ ತುಂಡು ಒಳಗೆ ಹೂತಂತೆ ಒಂದು ಬೂದು ಗೆರೆ, ಅದರ ತುದಿಗೆ ಸೂಜಿಮೊನೆಯಷ್ಟು ಬಿಳಿ ಚುಕ್ಕಿ. ಚರ್ಮದ ಮೇಲ್ಪದರ ಮಾತ್ರ ಬಿಡಿಸಿ ಸೂಜಿ ತಾಗಿಸಿದೆ. ಚುಕ್ಕಿ ತಾನಾಗಿ ಸೂಜಿಗೆ ಅಂಟಿಕೊಂಡು ಮೇಲೆ ಬಂತು! ನಾನು ಎತ್ತಿದ್ದಲ್ಲ, ಅದೇ ಹಿಡಿದುಕೊಂಡದ್ದು, ಆ ಮುಂಗಾಲಿನ ಬಟ್ಟಲುಗಳಿಂದ. ಗಾಜಿನ ಮೇಲೆ ಎಣ್ಣೆಯ ಹನಿಯಲ್ಲಿ ಇಟ್ಟು ನೋಡಿದರೆ ಚಿರೋಟಿ ರವೆಯ ಕಾಳಿನಷ್ಟಿರುವ ಅದು, ಹಾಲಿನ ಕೆನೆಯ ಬಣ್ಣದ್ದು, ಎಂಟೂ ಕಾಲು ಆಡಿಸುತ್ತ ಈಜಲು ನೋಡುತ್ತಿತ್ತು. ಹೊಟ್ಟೆಯಲ್ಲಿ ಒಂದು ಮೊಟ್ಟೆ ದೊಡ್ಡದಾಗಿ ಕಾಣುತ್ತಿತ್ತು. ನಾನು ಕುಣಿಯುವುದೊಂದು ಬಾಕಿ. ಶಾಂತಾಬಾಯಿಯೂ ಇಣುಕಿ ನೋಡಿ, “ಇಷ್ಟಕ್ಕೇ ನಾನು ನನ್ನ ಸೊಸೆಗೆ ಎರಡು ತಿಂಗಳಿಂದ ಬೈಯುತ್ತಿದ್ದೆ, ಬೇಳೆ ಹಳೇದು ಹಾಕಿದ್ದಾಳೆ ಅಂತ,” ಎಂದರು. ಮುಂದಿನ ವಾರ ಲ್ಯಾಬಿಗೆ ಒಂದು ದೊಡ್ಡ ಕಟ್ಟು ಮೆಂತ್ಯ ಬಂತು. ಲೇಲೆ ಸಾಹೇಬರೂ ಪಾಲು ತೆಗೆದುಕೊಂಡರು.

ಹೀಗೆ ಕೈ ಪಳಗಿದ ಮೇಲೆ ಮನುಷ್ಯನಿಗೆ ಸೊಕ್ಕು ಬರುತ್ತದೆ. ನನಗೂ ಬಂತು. ಆ ತಪ್ಪನ್ನು ಮುಚ್ಚಿಡಬಾರದು.

ನೆರೂಳದಿಂದ ಕುಲಕರ್ಣಿ ಕಾಕಾ ಎಂಬ ವಯಸ್ಸಾದವರು ಬಂದಿದ್ದರು. ಧಾರವಾಡದ ಕಡೆಯವರು, ಆಫೀಸಿನಲ್ಲಿ ನೌಕರಿ ಮಾಡಿ ನಿವೃತ್ತರಾದವರು, ಇಸ್ತ್ರಿ ಮಾಡಿದ ಅಂಗಿ. ಕನ್ನಡ ಕೇಳಿ ಅವರಿಗೂ ನನಗೂ ಖುಷಿಯಾಯಿತು. “ಖರೂಜ್ ಇರಬಹುದು ಅಂತ ಡಾಕ್ಟರ್ ಬರದಾರ ನೋಡವಾ. ನಮ್ಮಂಥಾ ಮನಿಯೊಳಗ ಅದು ಹೆಂಗ ಬರ್ತದ? ದಿನಾ ಎರಡು ಸಲ ಸ್ನಾನ ನಂದು,” ಎಂದು ನಕ್ಕರು. ನನಗೂ ಅದು ಸರಿ ಎನ್ನಿಸಿತು. ನುಸಿ ಸ್ನಾನಕ್ಕೆ ಹೆದರುವುದಿಲ್ಲ, ಅದು ಮನೆಯ ಅಂತಸ್ತನ್ನೂ ಕೇಳುವುದಿಲ್ಲ ಎಂದು ಗೊತ್ತಿದ್ದೂ ಸರಿ ಎನ್ನಿಸಿತು. ಹಿರಿಯರು, ನಮ್ಮವರು, ಅಂಗಿ ಬಿಚ್ಚಿ, ಹೊಕ್ಕುಳ ಸುತ್ತ, ಸೊಂಟದ ಹತ್ತಿರ ನೋಡುತ್ತೇನೆ ಎನ್ನಲು ಸಂಕೋಚವಾಯಿತು. ಮುಂಗೈಯಲ್ಲಿ ಅವರೇ ಕೆರೆದುಕೊಂಡ ಗಾಯಗಳಿಂದ ಎರಡು ಸಲ ತೆಗೆದೆ. ಏನೂ ಇರಲಿಲ್ಲ. ಕೆಂಪು ಶಾಯಿಯಲ್ಲಿ “ನುಸಿ ಇಲ್ಲ” ಎಂದು ಬರೆದು ಸಹಿ ಹಾಕಿದೆ.

ನನ್ನ ಆ ಎರಡು ಶಬ್ದ ನಂಬಿ ಅವರಿಗೆ ತುರಿಕೆ ತಗ್ಗಿಸುವ ಬೇರೆ ಮುಲಾಮು ಕೊಟ್ಟರು. ಅದು ಉರಿ ಅಡಗಿಸಿತು, ನುಸಿಗೆ ಹಬ್ಬವಾಯಿತು. ಕೆಲವು ತಿಂಗಳ ಮೇಲೆ ಮಗ ಅವರನ್ನು ಟ್ಯಾಕ್ಸಿಯಲ್ಲಿ ಕರೆತಂದಾಗ ಅವರ ಅಂಗೈ ಹಳೆಯ ಮರದ ತೊಗಟೆಯ ಹಾಗಾಗಿತ್ತು. ಅಕ್ಕಿಕಾಳಿನಷ್ಟು ಒಂದು ಪದರ ತೆಗೆದು ನೋಡಿದೆ. ಎಣಿಸಲು ಆಗದಷ್ಟು. ತಾಯಿ, ಮರಿ, ಮೊಟ್ಟೆ, ಆಗತಾನೆ ಹೊರಬಂದ ಆರು ಕಾಲಿನ ಎಳೆಯವು. ಮೈಯ ಕಾವಲು ಕುಸಿದವರ ಮೇಲೆ ಇದು ಹೀಗೆ ಲಕ್ಷಗಟ್ಟಲೆ ಬೆಳೆಯುತ್ತದೆ ಎಂದು ಓದಿದ್ದೆ, ಕಂಡಿರಲಿಲ್ಲ. ಅಷ್ಟರಲ್ಲಿ ಮಗನಿಗೆ, ಸೊಸೆಗೆ, ಇಬ್ಬರು ಮೊಮ್ಮಕ್ಕಳಿಗೆ, ಅಡುಗೆಗೆ ಬರುವಾಕೆಗೆ, ಎಲ್ಲರಿಗೂ ತುರಿಕೆ.

ಕಾಕಾ ವಾರ್ಡಿನಲ್ಲಿ ದಾಖಲಾದರು. ನಾನು ಮಂಚದ ಹತ್ತಿರ ಹೋಗಿ, “ಕಾಕಾ, ಅವತ್ತು ನಾ ಸರಿಯಾಗಿ ನೋಡಲಿಲ್ಲ. ತಪ್ಪು ನಂದು,” ಎಂದೆ. ಅವರು ಪಟ್ಟಿ ಸುತ್ತಿದ ಕೈಯನ್ನು ಮೆಲ್ಲಗೆ ಎತ್ತಿ, “ಅರ್ಧ ನಂದವಾ. ನಮ್ಮಂಥಾ ಮನಿ ಅಂದವ ನಾನ ಅಲ್ಲ?” ಎಂದರು. ಗುಣವಾಗಿ ಹೋಗುವಾಗ ಕೈಮುಗಿದು ತೋರಿಸಿದರು, ಅಂಗೈ ಎಳೆಗೂಸಿನದರಂತೆ ಗುಲಾಬಿಯಾಗಿತ್ತು.

ವಾರ್ಡಿನಲ್ಲಿ ಕಾಕಾನ ಕೇಸು ನೋಡಿದವರು ಲೇಲೆ ಸಾಹೇಬರೇ. ಆರು ವಾರ ಕಳೆದ ಮೇಲೆ ಒಂದು ಬೆಳಿಗ್ಗೆ ಲ್ಯಾಬಿಗೆ ಬಂದು, ಬಾಗಿಲು ಮುಂದೆ ಮಾಡಿ, ಶರ್ಟಿನ ತೋಳು ಮಡಚಿ ಮಣಿಕಟ್ಟನ್ನು ನನ್ನ ಮುಂದೆ ಚಾಚಿದರು. ಸಣ್ಣ ಬೂದು ಗೆರೆ. ಕಾಕಾನ ಕೈ ಹಿಡಿದು ಪರೀಕ್ಷೆ ಮಾಡಿದ್ದರು, ಕೈಗವಸು ಹಾಕದೆ. ಮೊದಲ ಸಲ ಹತ್ತಿದವರಿಗೆ ತುರಿಕೆ ಶುರುವಾಗಲು ಒಂದು ಒಂದೂವರೆ ತಿಂಗಳು ಬೇಕು, ಲೆಕ್ಕ ಸರಿಯಾಗಿತ್ತು. “ಕಾಢಾ,” ಎಂದರು, ತೆಗೆಯಿರಿ. ನನ್ನ ಸಾಹೇಬರ ಕೈಯಿಂದ ನುಸಿ ತೆಗೆದೆ. ಅವರು ಅದನ್ನು ಮೈಕ್ರೋಸ್ಕೋಪಿನಲ್ಲಿ ತುಂಬ ಹೊತ್ತು ನೋಡಿ, “ಒಳ್ಳೆ ಆರೋಗ್ಯವಾಗಿದೆ,” ಎಂದರು. ಇಬ್ಬರೂ ನಕ್ಕೆವು. ಆಮೇಲೆ ಅವರು ನನ್ನ ರಿಜಿಸ್ಟರ್ ತೆಗೆದು ಕಾಕಾನ ಸಾಲಿನಲ್ಲಿದ್ದ “ಇಲ್ಲ” ಎಂಬುದರ ಮೇಲೆ ಗೆರೆ ಎಳೆದು “ಸಿಗಲಿಲ್ಲ” ಎಂದು ಬರೆದರು. ಅಂದಿನಿಂದ ನಾನು ಯಾರ ಚೀಟಿಯಲ್ಲೂ “ಇಲ್ಲ” ಎಂದು ಬರೆಯಲಿಲ್ಲ. ಹೊಸದಾಗಿ ಬಂದವರಿಗೆ ನಾನು ಹೇಳುವುದು ಇದನ್ನೇ: ನೀವು ಎಲ್ಲಿ ನೋಡಿದಿರಿ, ಎಷ್ಟು ಸಲ ನೋಡಿದಿರಿ, ಅದನ್ನು ಬರೆಯಿರಿ. ಉಳಿದದ್ದನ್ನು ಡಾಕ್ಟರಿಗೆ ಬಿಡಿ.

ಇದಕ್ಕೆ ಪೂರಾ ಉಲ್ಟಾ ಒಂದು ತಪ್ಪನ್ನೂ ಮಾಡಿದ್ದೇನೆ. ಲೋಕಲ್ ಗಾಡಿಯ ಲೇಡೀಸ್ ಡಬ್ಬಿಯಲ್ಲಿ ನಿಂತವರೆಲ್ಲ ಮೇಲಿನ ಹಿಡಿಕೆ ಹಿಡಿದಿರುತ್ತಾರೆ, ಅಂದರೆ ಬೆರಳ ಸಂದಿಗಳೆಲ್ಲ ನನ್ನ ಕಣ್ಣೆದುರಿಗೇ. ನೋಡಬಾರದೆಂದರೂ ನೋಡುತ್ತಿದ್ದೆ. ಒಂದು ದಿನ ಡೊಂಬಿವಲಿಯಲ್ಲಿ ಹತ್ತಿದ ಹೆಂಗಸೊಬ್ಬಳ ಕೈಯಲ್ಲಿ ಅಚ್ಚುಕಟ್ಟಾಗಿ ನಾಲ್ಕು ಗೆರೆ ಕಂಡವು. ಕಿವಿಯ ಹತ್ತಿರ ಬಾಗಿ ಮೆಲ್ಲಗೆ ಹೇಳಿದೆ, ನಿಮಗೆ ಖರೂಜ್ ಇರಬಹುದು, ತೋರಿಸಿಕೊಳ್ಳಿ ಎಂದು. ಆಕೆ ಮೆಲ್ಲಗೆ ಉತ್ತರ ಕೊಡಲಿಲ್ಲ. “ಮಲಾ ಖರೂಜ್? ಮಲಾ?” ಎಂದು ಇಡೀ ಡಬ್ಬಿಗೆ ಕೇಳುವಂತೆ ಕೂಗಿದಳು. ನನಗಾ, ನನಗಾ ಎಂದು. ಮುಂದಿನ ನಿಮಿಷದಲ್ಲಿ ನಮ್ಮಿಬ್ಬರ ಸುತ್ತ, ಆ ಗದ್ದಲದ ಹೊತ್ತಿನಲ್ಲಿ, ಇಬ್ಬರು ಮಲಗುವಷ್ಟು ಜಾಗ ಖಾಲಿ. ಠಾಣೆಯವರೆಗೆ ಆಕೆ ನನ್ನನ್ನು ಬೈಯುತ್ತ ಕೂತುಕೊಂಡೇ ಬಂದಳು, ನಾನು ಬೈಸಿಕೊಳ್ಳುತ್ತ ಕೂತುಕೊಂಡೇ ಬಂದೆ. ತಿಂಗಳು ಕಳೆದಿರಬೇಕು, ಅದೇ ಗಾಡಿ. ಯಾರೋ ನನ್ನ ಭುಜ ಹಿಡಿದು ಎಳೆದು ಕಿಟಕಿಯ ಸೀಟಿನಲ್ಲಿ ಕೂರಿಸಿದರು. ಆಕೆಯೇ! “ಬಸಾ ಡಾಕ್ಟರ್, ಬಸಾ,” ಎಂದು ಕೈ ಅಗಲಿಸಿ ತೋರಿಸಿದಳು, ಒಂದು ಗೆರೆಯೂ ಇರಲಿಲ್ಲ. ಡಾಕ್ಟರ್ ಅಲ್ಲ ಎಂದು ಹೇಳಿದೆ, ಕೇಳಲಿಲ್ಲ. ಆದರೂ ಅದು ಸರಿಯಾದ ಕೆಲಸವಲ್ಲ ಎಂದೇ ನನ್ನ ಅಭಿಪ್ರಾಯ. ಇನ್ನೊಬ್ಬರ ಮೈಯ ಸಂಗತಿಯನ್ನು ಕೇಳದೆ ಹೇಳಬಾರದು.

ಕೆಲಸದ ರೀತಿಗಳು ನನ್ನ ಕಣ್ಣೆದುರೇ ಬದಲಾದವು. ಮೊದಮೊದಲು ಗೆರೆ ಕಾಣದಿದ್ದರೆ ಪೆನ್ನಿನ ಶಾಯಿ ಹಚ್ಚಿ ಒರೆಸುತ್ತಿದ್ದೆವು. ಶಾಯಿ ಸುರಂಗದೊಳಗೆ ಇಳಿದು ನೀಲಿ ದಾರಿ ತೋರಿಸುತ್ತಿತ್ತು. ಆಗ ಕೊಡುತ್ತಿದ್ದ ಬಿಳಿ ಔಷಧಿ ಗಾಯದ ಮೇಲೆ ಬಿದ್ದರೆ ಜನ ಬೆಂಕಿ ಹತ್ತಿದಂತೆ ಕುಣಿಯುತ್ತಿದ್ದರು. ಆಮೇಲೆ ಉರಿಯದ ಮುಲಾಮು ಬಂತು, ಗುಳಿಗೆ ಬಂತು. ಲೇಲೆ ಸಾಹೇಬರು ನಿವೃತ್ತರಾಗಿ ಡಾಕ್ಟರ್ ಶ್ವೇತಾ ಬಂದರು. ನನಗಿಂತ ಇಪ್ಪತ್ತು ವರ್ಷ ಚಿಕ್ಕವರು. ಬರುವಾಗಲೇ ಡರ್ಮಾಸ್ಕೋಪ್ ತಂದರು, ದೀಪ ಇರುವ ಒಂದು ಮಸೂರ. ಅದರಲ್ಲಿ ಚರ್ಮ ಕೆರೆಯದೆಯೇ ನುಸಿಯ ಮುಂಭಾಗ ಸಣ್ಣ ಕಪ್ಪು ತ್ರಿಕೋಣದ ಹಾಗೆ ಕಾಣುತ್ತದೆ, ಹಿಂದೆ ಸುರಂಗ ವಿಮಾನದ ಹೊಗೆಯ ಹಾಗೆ. ನನ್ನ ಸೂಜಿಗೆ ಇನ್ನು ಕೆಲಸವಿಲ್ಲ ಎಂದು ನಾಲ್ಕು ದಿನ ಮುಖ ಊದಿಸಿಕೊಂಡಿದ್ದೆ. ಐದನೆಯ ದಿನ ಅವರೇ ಬಂದು, “ಆಂಟಿ, ಈ ಚುಕ್ಕಿ ನುಸಿಯೋ ಕೊಳೆಯೋ ನನಗೆ ತಿಳಿಯುತ್ತಿಲ್ಲ. ತೆಗೆದು ತೋರಿಸುತ್ತೀರಾ?” ಎಂದು ಕೇಳಿದರು. ತೆಗೆದೆ. ಕೊಳೆ! ಅಲ್ಲಿಂದ ನಮ್ಮಿಬ್ಬರಿಗೂ ಚೆನ್ನಾಗಿ ಹೊಂದಿತು. ಅವರ ಮಸೂರ ಜಾಗ ತೋರಿಸುತ್ತಿತ್ತು, ನನ್ನ ಸೂಜಿ ಸಾಕ್ಷಿ ತರುತ್ತಿತ್ತು.

ನನ್ನ ಕೊನೆಯ ವರ್ಷದಲ್ಲಿ ಬಂದ ಒಂದು ಕೇಸು ಹೇಳಬೇಕು. ಅದಕ್ಕಾಗಿಯೇ ಇಷ್ಟು ಬರೆದದ್ದು.

ಕಲಬುರಗಿ ಕಡೆಯ ಮಲ್ಲಮ್ಮ ಎಂಬ ಹೆಣ್ಣುಮಗಳು, ಹೊಟ್ಟೆಗೆ ಕಟ್ಟಿಕೊಂಡ ಎಂಟು ತಿಂಗಳ ಕೂಸಿನೊಂದಿಗೆ, ನೆರೂಳದಿಂದ ರೈಲು ಹಿಡಿದು ಠಾಣೆಗೆ ಬಂದಿದ್ದಳು. ನೆರೂಳದಲ್ಲೊಂದು ಕಟ್ಟಡದ ಕೆಲಸ ನಡೆದಿತ್ತು. ಅವಳೂ ಗಂಡನೂ ಅಲ್ಲೇ ತಗಡಿನ ಶೆಡ್ಡಿನಲ್ಲಿ ಇರುವವರು. ಅವಳಿಗೆ ಔಷಧಿ ಬೇಕಾಗಿರಲಿಲ್ಲ.

“ಕುಷ್ಠ ಇಲ್ಲಂತ ಒಂದ್ ಚೀಟಿ ಬರದ್ ಕೊಡ್ರಿ ಬಾಯಾರ, ಅಷ್ಟ ಸಾಕು,” ಎಂದಳು.

“ಕುಷ್ಠ ಅಂತ ಯಾರಂದ್ರು?”

“ಯಾರೋ ಅಂದಾರ್ರೀ. ಎರಡ್ ತಿಂಗಳಾತು, ಕೂಸಿಗೂ ನಿದ್ದಿಲ್ಲ, ನನಗೂ ನಿದ್ದಿಲ್ಲ, ಬರೇ ಕೆರಕೊಳ್ಳೋದ. ಎರಡ್ ದಿನದಾಗ ಶೆಡ್ ಬಿಡ್ರಿ ಅಂತ ಸುಪರ್‌ವೈಜರ್ ಹೇಳ್ಯಾನ. ಎಲ್ಲಿಗಿ ಹೋಗ್ಲಿ?”

ಕುಷ್ಠವಿದ್ದರೂ ಯಾರನ್ನೂ ಹೊರಗೆ ಹಾಕುವ ಹಾಗಿಲ್ಲ, ಅದೂ ಔಷಧಿಗೆ ಗುಣವಾಗುವ ರೋಗ ಎಂದು ಅವಳಿಗೆ ಹೇಳಿದೆ. ಆದರೆ ನನಗೆ ಅವಳ ಬೆರಳ ಸಂದಿ ಆಗಲೇ ಕಂಡಿತ್ತು. ಎಳೆಗೂಸುಗಳಲ್ಲಿ ನುಸಿ ಅಂಗಾಲಿನಲ್ಲೂ ಇರುತ್ತದೆ. ಕೂಸಿನ ಅಂಗಾಲಿನಿಂದ ಮೊದಲ ಸಲಕ್ಕೇ ಸಿಕ್ಕಿತು. ಡಾಕ್ಟರ್ ಶ್ವೇತಾ ಪರೀಕ್ಷೆ ಮಾಡಿ ಚೀಟಿಯನ್ನೂ ಬರೆದರು, ಔಷಧಿಯನ್ನೂ ಬರೆದರು. ಬರೆದು ಪೆನ್ನು ಹಿಡಿದುಕೊಂಡೇ ಕೂತರು.

“ಶೆಡ್ಡಿನಲ್ಲಿ ಎಷ್ಟು ಜನ?” ಎಂದು ನನ್ನ ಮೂಲಕ ಕೇಳಿಸಿದರು.

“ನಲವತ್ತ್ ಮಂದಿ ಇರಬೌದ್ರಿ.”

“ಇವಳೊಬ್ಬಳಿಗೆ ಕೊಟ್ಟರೆ ಮುಂದಿನ ತಿಂಗಳು ಇವಳು ಮತ್ತೆ ಇಲ್ಲೇ ಇರುತ್ತಾಳೆ ಆಂಟಿ,” ಎಂದರು ಡಾಕ್ಟರ್. “ನಾಳೆ ನಾವೇ ಹೋಗೋಣ.”

ಮಾರನೆಯ ಬೆಳಿಗ್ಗೆ ಹೋದೆವು. ಶೆಡ್ಡಿನಲ್ಲಿ ಹಗಲು ಕರೆಂಟು ಇರುವುದಿಲ್ಲ ಎಂದು ಮಲ್ಲಮ್ಮ ಹೇಳಿದ್ದಳು. ಅದಕ್ಕೆ ಕಪಾಟಿನ ಮೇಲೆ ಧೂಳು ತಿನ್ನುತ್ತಿದ್ದ ಹಳೆಯ ಮೈಕ್ರೋಸ್ಕೋಪನ್ನು ಒಯ್ದೆ. ಅದರ ಕೆಳಗೆ ಕನ್ನಡಿ ಇದೆ, ಬಿಸಿಲಿಗೆ ತಿರುಗಿಸಿದರೆ ಸಾಕು. ಬಾಗಿಲಲ್ಲೇ ಮುಕಾದಮ ಶರಣಪ್ಪ ಅಡ್ಡ ನಿಂತ. ವಿಜಯಪುರದ ಕಡೆಯವನು, ಮಂದಿಯನ್ನು ಊರಿಂದ ಕರೆತಂದು ಕೆಲಸಕ್ಕೆ ಹಚ್ಚುವವನು, ದೊಡ್ಡ ಮೀಸೆ.

“ಇಲ್ಲಿ ಯಾರಿಗೂ ಏನೂ ಇಲ್ರೀ ಬಾಯಾರ. ಆಕೀ ಒಬ್ಬಾಕಿಗೆ ಐತಿ. ಆಕೀನ ಕಳಿಸ್ತೀವಿ, ಮುಗೀತಲ್ಲ?” ಎಂದ. ಹೇಳುತ್ತಲೇ ಬಲಗೈ ಹೆಬ್ಬೆರಳಿನಿಂದ ಎಡಗೈ ಬೆರಳ ಸಂದಿ ಕೆರೆದುಕೊಳ್ಳುತ್ತಿದ್ದ. ತನಗೇ ಗೊತ್ತಿರಲಿಲ್ಲ.

“ಶರಣಪ್ಪನವರ, ಸ್ವಲ್ಪ ಕೈ ಕೊಡ್ರಿ ಇಲ್ಲಿ,” ಎಂದೆ.

“ನನ್ನ ಕೈ ಯಾಕ್ರಿ? ಅದು ಸಿಮೆಂಟ ತಿಂದಿದ್ದು.”

“ಸಿಮೆಂಟ್ ಆದ್ರ ಸಿಮೆಂಟ್ ಅಂತನ ಬರಕೊಡ್ತೀನಿ. ತಗದ್ ನೋಡ್ಲಿ?”

ಇಷ್ಟು ಮಂದಿಯ ಮುಂದೆ ಬೇಡ ಎನ್ನಲು ಅವನಿಗೆ ಆಗಲಿಲ್ಲ. “ನೋಡ್ರಿ,” ಎಂದು ಕೈ ಕೊಟ್ಟ. ಸಿಮೆಂಟಿಗೆ ಬಿರಿದ ಒರಟು ಚರ್ಮ, ಗೆರೆ ಹಿಡಿಯುವುದು ಕಷ್ಟವಾಯಿತು. ನನ್ನ ಹಣೆಯ ಬೆವರು ಅವನ ಕೈಮೇಲೆ ಬಿತ್ತು. ಸಿಗದೆ ಹೋದರೆ ಮಲ್ಲಮ್ಮನ ಗಂಟು ಹೊರಗೆ ಬೀಳುತ್ತದೆ ಎಂಬುದು ನನಗೂ ಗೊತ್ತಿತ್ತು, ಸುತ್ತ ನಿಂತವರಿಗೂ ಗೊತ್ತಿತ್ತು. ಮೂರನೆಯ ಗೆರೆಯ ತುದಿಯಲ್ಲಿ ಬಿಳಿ ಚುಕ್ಕಿ ಸೂಜಿ ಹಿಡಿದು ಮೇಲೆ ಬಂತು. ಕನ್ನಡಿಯನ್ನು ಬಿಸಿಲಿಗೆ ತಿರುಗಿಸಿ, ನಾನು ನೋಡಿ, ಅವನನ್ನು ಕರೆದೆ.

ಶರಣಪ್ಪ ಮೀಸೆ ಪಕ್ಕಕ್ಕೆ ಸರಿಸಿಕೊಂಡು ಒಂದು ಕಣ್ಣು ಮುಚ್ಚಿ ಬಗ್ಗಿದ.

“ಏ, ಇದು ನಡೀಲಾಕ ಹತ್ತೇತಿ!”

“ಹೌದು, ಜೀವಂತ ಐತಿ.”

“ಇದಕ್ಕ ಕಣ್ಣ ಎಲ್ಲಿ ಅದಾವ್ರಿ?”

“ಕಣ್ಣಿಲ್ಲ ಅದಕ್ಕ.”

ಅವನು ತಲೆ ಎತ್ತಲಿಲ್ಲ. ಹಾಗೆಯೇ ದನಿ ಇಳಿಸಿ, “ಇದು... ನಂದಾ?” ಎಂದು ಕೇಳಿದ.

“ನಿಮ್ದ. ನಿಮ್ಮ ಕಣ್ಣೆದುರಿಗೇ ತಗದೀನಿ.”

ಮೊದಲು ನಕ್ಕವಳು ಮಲ್ಲಮ್ಮ. ಬಾಯಿಗೆ ಸೆರಗು ಹಿಡಿದು ತಡೆಯಲು ನೋಡಿದಳು, ತಡೆಯಲಾಗಲಿಲ್ಲ. ಅವಳ ನಗು ನೋಡಿ ಕೂಸೂ ನಕ್ಕಿತು. ಶರಣಪ್ಪ ಸೊಂಟದ ಮೇಲೆ ಕೈಯಿಟ್ಟು ನಿಂತು ಎಲ್ಲರ ಮುಖ ನೋಡಿದ. ಸಿಟ್ಟಾಗುತ್ತಾನೆ ಎಂದು ನಾನು ಸೂಜಿಯನ್ನು ಡಬ್ಬಿಗೆ ಹಾಕಿಕೊಂಡೆ. “ಹಂಗಾರ ನಾನೂ ಶೆಡ್ ಬಿಡಬೇಕಾತು,” ಎಂದು ಹೇಳಿ ಅವನೇ ಎಲ್ಲರಿಗಿಂತ ಜೋರಾಗಿ ನಕ್ಕುಬಿಟ್ಟ.

ಆಮೇಲೆ ಸಾಲು ಹತ್ತಿತು. ಎಲ್ಲರೂ ತಮ್ಮ ತಮ್ಮದನ್ನು ನೋಡಬೇಕು ಎನ್ನುವವರೇ. ಡಾಕ್ಟರ್ ಶ್ವೇತಾ ಮಸೂರ ಹಿಡಿದು ಒಬ್ಬೊಬ್ಬರನ್ನೂ ನೋಡಿದರು. ಮುಕ್ಕಾಲು ಪಾಲು ಮಂದಿಯ ಕೈಯಲ್ಲಿ ಗೆರೆ. ಅಷ್ಟರಲ್ಲಿ ಸುಪರ್‌ವೈಜರನ ಫೋನು ಬಂತು, ಆ ಹೆಂಗಸು ಹೋದಳೋ ಇಲ್ಲವೋ ಎಂದು. ಶರಣಪ್ಪ ಹಿಂದಿಯಲ್ಲಿ, “ಸಾಬ್, ಮುಝೇ ಭೀ ಹೈ. ನಿಕಾಲೋಗೇ ತೋ ಸಬ್‌ಕೋ ನಿಕಾಲೋ,” ಎಂದ. ನನಗೂ ಇದೆ, ತೆಗೆದರೆ ಎಲ್ಲರನ್ನೂ ತೆಗೆಯಿರಿ. ಸ್ಲ್ಯಾಬಿನ ಕೆಲಸ ಅರ್ಧಕ್ಕೆ ನಿಂತಿತ್ತು, ನಲವತ್ತು ಜನರನ್ನು ತೆಗೆಯುವಂತಿರಲಿಲ್ಲ. ಆ ಕಡೆಯಿಂದ ಏನು ಉತ್ತರ ಬಂತೋ ಕೇಳಿಸಲಿಲ್ಲ. ಫೋನು ಕಿಸೆಗಿಟ್ಟ ಶರಣಪ್ಪ, “ಮಲ್ಲಮ್ಮ, ಗಂಟ ಬಿಚ್ಚ ನೀ,” ಎಂದ.

ಈ ನುಸಿಯ ಬಾಳುವೆ ತಿಳಿದರೆ ಅದನ್ನು ಕಳೆಯುವುದೂ ತಿಳಿಯುತ್ತದೆ. ಅದರ ಊರು ಮನುಷ್ಯನ ಚರ್ಮದ ಮೇಲ್ಪದರ ಮಾತ್ರ. ದಿನಕ್ಕೆ ರಾಗಿಕಾಳಿನಷ್ಟು ದಾರಿ ಕೊರೆಯುತ್ತದೆ, ಎರಡು ಮೂರು ಮೊಟ್ಟೆ ಇಡುತ್ತದೆ, ತಿಂಗಳು ಎರಡು ತಿಂಗಳು ಬದುಕುತ್ತದೆ. ಹಾರಲು, ಜಿಗಿಯಲು ಬರುವುದಿಲ್ಲ. ಮೈಗೆ ಮೈ ತುಸು ಹೊತ್ತು ತಾಗಿದ್ದರೆ ದಾಟುತ್ತದೆ. ಮನುಷ್ಯನನ್ನು ಬಿಟ್ಟರೆ ಎರಡು ಮೂರು ದಿನದಲ್ಲಿ ಸಾಯುತ್ತದೆ. ಆದ್ದರಿಂದ ಎಲ್ಲರೂ ಒಂದೇ ದಿನ ಹಚ್ಚಿಕೊಳ್ಳಬೇಕು, ಹಾಸಿಗೆ ಹೊದಿಕೆಗಳನ್ನು ಮೈಯಿಂದ ದೂರ ಇಡಬೇಕು. ಔಷಧಿ ಒಟ್ಟುಮಾಡಲು ನಮಗೆ ಎರಡು ದಿನ ಹಿಡಿಯಿತು.

ಔಷಧಿ ತಲುಪಿಸಿದ ದಿನ ಸಂಜೆ ಶೆಡ್ಡಿನಲ್ಲಿ ಹಬ್ಬದ ಗದ್ದಲ. ಕತ್ತಿನಿಂದ ಕಾಲ ಬೆರಳವರೆಗೆ ಎಲ್ಲರೂ ಮುಲಾಮು ಬಳಿದುಕೊಂಡರು. ಕೂಸುಗಳಿಗೆ, ಬಸುರಿ ಹೆಂಗಸರಿಗೆ ಹೇಗೆ ಎಂದು ಡಾಕ್ಟರ್ ಬೇರೆಯಾಗಿ ಹೇಳಿದರು. ಊರಿಂದ ತಂದ ಕೌದಿಗಳನ್ನು ದೊಡ್ಡ ಪ್ಲಾಸ್ಟಿಕ್ ಚೀಲಗಳಲ್ಲಿ ತುಂಬಿ ಬಾಯಿ ಕಟ್ಟಿ ಗುಡ್ಡೆ ಹಾಕಿದರು. “ಬೆನ್ನಿಗ್ಯಾರ್ ಹಚ್ತೀರೋ!” ಎಂದು ಗಂಡಸರ ಕಡೆಯಿಂದ ಕೂಗು, ಹೆಂಗಸರ ಕಡೆ ನಗುವೋ ನಗು. ಶರಣಪ್ಪ ಹೆಸರು ಕೂಗಿ ಕೂಗಿ ಒಬ್ಬೊಬ್ಬರ ಕೈ ನೋಡಿ ಬಿಟ್ಟ. ವಾರ ಬಿಟ್ಟು ಇನ್ನೊಮ್ಮೆ ಇದೇ. ನಾನು ಪದೇ ಪದೇ ಹೇಳಿದ್ದು ಒಂದೇ: ನುಸಿ ಸತ್ತ ಮೇಲೂ ಎರಡು ಮೂರು ವಾರ ತುರಿಸುತ್ತದೆ, ಔಷಧಿ ಹತ್ತಲಿಲ್ಲ ಅಂದುಕೊಳ್ಳಬೇಡಿ. ಇಲ್ಲೇ ಎಷ್ಟೋ ಮಂದಿ ನಂಬಿಕೆ ಬಿಡುತ್ತಾರೆ.

ಮೂರು ವಾರಕ್ಕೆ ಕೂಸನ್ನು ತೋರಿಸಲು ಬಾ ಎಂದು ಮಲ್ಲಮ್ಮನಿಗೆ ದಿನ ಕೊಟ್ಟಿದ್ದೆ. ಅವಳು ಬರಲಿಲ್ಲ. ಹನ್ನೆರಡು ಗಂಟೆಯವರೆಗೆ ಬಾಗಿಲು ನೋಡಿದೆ. ಔಷಧಿ ಕೆಲಸ ಮಾಡಲಿಲ್ಲವೇನೋ, ಕೊನೆಗೂ ಅವಳನ್ನು ಕಳಿಸಿಬಿಟ್ಟರೇನೋ ಎಂದು ಮನಸ್ಸು ಏನೇನೋ ಎಣಿಸಿತು. ಡಾಕ್ಟರ್ ಶ್ವೇತಾಗೆ ಹೇಳಿ ನೆರೂಳದ ಗಾಡಿ ಹತ್ತಿದೆ. ಸ್ಟೇಷನ್ನಿನಿಂದ ರಿಕ್ಷಾ ಮಾಡಿಕೊಂಡು ಸೈಟಿಗೆ ಹೋದರೆ ಅಲ್ಲಿ ಸದ್ದೇ ಇಲ್ಲ. ಕಾಂಕ್ರೀಟ್ ಕಲಸುವ ಮಿಕ್ಸರು ನಿಂತಿತ್ತು. ಶೆಡ್ಡಿನ ಕಡೆಗೆ ಬೇಗ ಬೇಗ ನಡೆದೆ.

ಶೆಡ್ಡಿನ ಬಾಗಿಲಲ್ಲಿ ಶರಣಪ್ಪ ಕೂತಿದ್ದ. ನನ್ನನ್ನು ಕಂಡೊಡನೆ ತುಟಿಯ ಮೇಲೆ ಬೆರಳಿಟ್ಟು ಎದ್ದು ಬಂದ.

“ಏನಾತ್ರೀ? ಮಲ್ಲಮ್ಮ ಎಲ್ಲಿ?” ಎಂದೆ.

ಅವನು ಒಳಗೆ ಕೈ ತೋರಿಸಿದ. ತಗಡಿನ ಗೋಡೆಯ ನೆರಳಿಗೆ ಕೌದಿ ಹಾಸಿಕೊಂಡು ಮಲ್ಲಮ್ಮ ಬಾಯಿ ತೆರೆದು ಮಲಗಿದ್ದಳು. ದವಾಖಾನೆಗೆ ಹೊರಡಲೆಂದು ಉಟ್ಟ ಹೊಸ ಸೀರೆ, ಮುಡಿದ ಹೂವು, ಪಕ್ಕದಲ್ಲಿ ಕೇಸ್‌ಪೇಪರಿನ ಚೀಲ. ಅವಳ ಎದೆಯ ಮೇಲೆ ಕೂಸು ಕಪ್ಪೆಯ ಹಾಗೆ ಕವುಚಿ ಬಿದ್ದು ನಿದ್ದೆ ಮಾಡುತ್ತಿತ್ತು.

“ಗಾಡಿಗೆ ಇನ್ನೂ ಹೊತ್ತೈತಿ ಅಂತ ಕೂಸಿಗೆ ಹಾಲ ಕುಡಸಾಕ ಕುಂತಾಕಿ, ಹಂಗ ಮಲಗಿಬಿಟ್ಲ ನೋಡ್ರಿ,” ಎಂದು ಶರಣಪ್ಪ ಪಿಸುಗುಟ್ಟಿದ. “ಮಿಕ್ಸರ್ ಸಪ್ಪಳಕ್ಕ ಕೂಸು ಒದ್ದಾಡಾಕತ್ತಿತ್ತು. ಬಂದ್ ಮಾಡಸೀನಿ. ಎಬ್ಬಸ್ಲೇನು?”

“ಬ್ಯಾಡ,” ಎಂದೆ.

ಚಪ್ಪಲಿ ಬಿಟ್ಟು ಒಳಗೆ ಹೋಗಿ ಕೂಸಿನ ಕಾಲ ಬಳಿ ಕೂತೆ. ಮುಟ್ಟದೆ, ಮಸೂರವನ್ನು ಮಾತ್ರ ಹತ್ತಿರ ಹಿಡಿದು ಎರಡೂ ಅಂಗಾಲು ನೋಡಿದೆ. ಒಂದು ಗೆರೆಯೂ ಇರಲಿಲ್ಲ. ಹೊರಗೆ ಬಂದು ಮೆಟ್ಟಿಲ ಮೇಲೆ ಕೂತಾಗ ಶರಣಪ್ಪ ಸದ್ದಾಗದಂತೆ ಒಂದು ಲೋಟ ಚಹಾ ತಂದಿಟ್ಟ. ಮಿಕ್ಸರಿನ ಹತ್ತಿರ ಹತ್ತು ಹನ್ನೆರಡು ಜನ ಕಾಂಕ್ರೀಟ್ ಹೊರುವ ತಗಡಿನ ಗಮೇಲಾ ಬೋರಲು ಹಾಕಿಕೊಂಡು ಅದರ ಮೇಲೆ ಕೂತು, ಮಾತಿಲ್ಲದೆ, ಆ ತಾಯಿ ಮಗು ತಾವಾಗಿ ಏಳುವುದನ್ನೇ ಕಾಯುತ್ತಿದ್ದರು. ನಾನೂ ಕಾಯುತ್ತ ಕೂತೆ.